ಏಳು ಸಲ ತಂಡ ಬದಲಾಯಿಸಿದ 68ನೇ ನಂಬರಿನ ಆಟಗಾರ 'ಯಾರಿಗೂ ಬೇಡವಾದವನೇ'?

ಪ್ರಶ್ನೆ: ನಾವು ಅಮೆರಿಕದ ಶಾರ್ಲೆಟ್‌ನಲ್ಲಿದ್ದೇವೆ. ಮಗನಿಗೆ 15 ವರ್ಷ. ಹೈಸ್ಕೂಲಿನ ಅಮೆರಿಕನ್ ಫುಟ್‌ಬಾಲ್ ತಂಡದಲ್ಲಿ ಗಾರ್ಡ್ ಆಗಿ ಆಡ್ತಾನೆ. 68ನೇ ನಂಬರಿನ ಜರ್ಸಿಯೇ ಬೇಕು ಅಂತ ಹಠ ಮಾಡಿ ತಗೊಂಡಿದ್ದಾನೆ, ಯಾಕಂದ್ರೆ ಅದು ಮೈಕ್ ಪರ್ಸನ್ ಅನ್ನೋ ಆಟಗಾರನ ನಂಬರಂತೆ. ನಾನು ಹೆಸರೇ ಕೇಳಿರಲಿಲ್ಲ. ಹುಡುಕಿ ನೋಡಿದರೆ ಒಂಬತ್ತು ವರ್ಷದಲ್ಲಿ ಆರು ತಂಡ! 'ಇವನು ಯಾರಿಗೂ ಬೇಡವಾದವನಲ್ಲವೇನೋ' ಅಂದುಬಿಟ್ಟೆ. ಮಗ ಎರಡು ದಿನ ಸರಿಯಾಗಿ ಮಾತಾಡಲಿಲ್ಲ. ಹೀಗೆ ಊರಿಂದ ಊರಿಗೆ ಹೋಗುತ್ತಾ ಆಡುವವರ ಬದುಕು ಹೇಗಿರುತ್ತೆ? ಅದನ್ನು ಒಳ್ಳೆಯ ವೃತ್ತಿ ಅನ್ನಬಹುದಾ?

ಉತ್ತರ: ನಿಮ್ಮ ಮಗನ ಆಯ್ಕೆ ನನಗೆ ತುಂಬ ಇಷ್ಟವಾಯಿತು. ಆ ವಯಸ್ಸಿನ ಹುಡುಗರು ಚೆಂಡು ಎಸೆದು ಆಟ ನಡೆಸುವ ಕ್ವಾರ್ಟರ್‌ಬ್ಯಾಕ್‌ಗಳ ನಂಬರ್ ಕೇಳ್ತಾರೆ. ಒಬ್ಬ ಗಾರ್ಡ್‌ನ ನಂಬರ್ ಕೇಳುವ ಹುಡುಗ ಆಟವನ್ನು ಸರಿಯಾಗಿಯೇ ನೋಡ್ತಾ ಇದ್ದಾನೆ ಅಂತ ಅರ್ಥ. ನಾನು ತಿಪಟೂರಿನಲ್ಲಿ ಕಬಡ್ಡಿ ಆಡಿಕೊಂಡು ಬೆಳೆದವನು. ಈಗ ಹದಿನೆಂಟು ವರ್ಷದಿಂದ ಒಹಾಯೋದಲ್ಲಿ ಫಿಸಿಯೋಥೆರಪಿಸ್ಟ್. ಸಂಜೆ ಹೊತ್ತು ಇಲ್ಲಿನ ಒಂದು ಹೈಸ್ಕೂಲಿನ ಲೈನ್‌ಮನ್ (ಗಾರ್ಡ್‌ನಂತೆ ಮುಂದಿನ ಸಾಲಿನಲ್ಲಿ ಆಡುವವರು) ಹುಡುಗರ ಜೊತೆ ಇರುತ್ತೇನೆ. ಅವರಲ್ಲಿ ಒಬ್ಬ ಇಲ್ಲಿನ ದೊಡ್ಡ ವೃತ್ತಿಪರ ಲೀಗ್ ಆದ ಎನ್‌ಎಫ್‌ಎಲ್‌ನ ಕ್ಯಾಂಪಿನ ಬಾಗಿಲವರೆಗೂ ಹೋಗಿ ಬಂದ. ಹಾಗಾಗಿ ಈ ಬದುಕನ್ನು ಸ್ವಲ್ಪ ಹತ್ತಿರದಿಂದ ನೋಡಿದ್ದೇನೆ.

ನಿಮ್ಮ ಲೆಕ್ಕ ಸರಿ ಇದೆ (ಎರಡು ತಂಡಕ್ಕೆ ಎರಡೆರಡು ಸಲ ಹೋದದ್ದರಿಂದ ಬದಲಾಯಿಸಿದ್ದು ಏಳು ಸಲ). ಆರು ತಂಡ. ಆದರೆ ನೀವು ಎಣಿಸಿದ್ದು ಎಷ್ಟು ತಂಡ ಅವರನ್ನು ಬಿಟ್ಟಿತು ಅನ್ನೋದನ್ನ. ಕೊನೇ ಸಲ ಒಂದನ್ನು ಬಿಟ್ಟರೆ, ಪ್ರತಿ ಸಲ ಕೈಬಿಟ್ಟ ಮೇಲೂ ಇನ್ನೊಬ್ಬರು ಫೋನ್ ಮಾಡಿ ಕರೆದಿದ್ದಾರೆ ಅಲ್ವಾ? ಬಿಟ್ಟ ಒಂದು ತಂಡವಂತೂ ಆರು ವರ್ಷ ಆದ ಮೇಲೆ ಮತ್ತೆ ಕರೆದು, ಎಲ್ಲಕ್ಕಿಂತ ದೊಡ್ಡ ಆಟದಲ್ಲಿ ನಿಲ್ಲಿಸಿತು. ಆ ಕಥೆಗೆ ಬರ್ತೀನಿ. ಮೊದಲು ಕೆಲಸ ಏನು ಅಂತ ಹೇಳದಿದ್ದರೆ ಅದು ಅರ್ಥ ಆಗೋದಿಲ್ಲ.

ಚೆಂಡು ನಮ್ಮ ಕೈಯಲ್ಲಿರುವಾಗ ಮುಂದೆ ಸಾಲಾಗಿ ಬಗ್ಗಿ ನಿಲ್ಲುವ ಐದು ಜನ ಇದ್ದಾರಲ್ಲ, ಅವರೇ ಅಫೆನ್ಸಿವ್ ಲೈನ್. ನಡುವೆ ಸೆಂಟರ್, ಅವನ ಎಡಬಲಕ್ಕೆ ಇಬ್ಬರು ಗಾರ್ಡ್, ಎರಡೂ ತುದಿಗೆ ಇಬ್ಬರು ಟ್ಯಾಕಲ್. ಸೆಂಟರ್ ಚೆಂಡನ್ನು ಕಾಲ ನಡುವಿನಿಂದ ಹಿಂದಕ್ಕೆ ಕೊಡ್ತಾನೆ, ಅದೇ ಸ್ನ್ಯಾಪ್. ಅಲ್ಲಿಂದ ಎರಡೂವರೆ ಮೂರು ಸೆಕೆಂಡ್ ಈ ಐವರೂ ತಮ್ಮ ಕ್ವಾರ್ಟರ್‌ಬ್ಯಾಕ್ ಮೇಲೆ ಯಾರೂ ಬೀಳದಂತೆ ತಡೆಯಬೇಕು. ಹೆಚ್ಚಿನವರು 300 ಪೌಂಡ್ ದಾಟಿರುತ್ತಾರೆ, ಅಂದರೆ 136 ಕಿಲೋಗೂ ಜಾಸ್ತಿ. ಎದುರಿನವನು ಮುಂದಕ್ಕೆ ಓಡಿ ಬರ್ತಾನೆ. ಇವನು ಹಿಂದಕ್ಕೆ ಜಾರುತ್ತಾ, ಸೊಂಟ ಇಳಿಸಿ, ಎರಡು ಅಂಗೈಯನ್ನೂ ಅವನ ಎದೆಗೆ ಸರಿಯಾಗಿ ಇಡಬೇಕು. ಕೈ ಒಂದು ಗೇಣು ಹೊರಗೆ ಹೋಗಿ ಅಂಗಿ ಎಳೆದರೆ ಹೋಲ್ಡಿಂಗ್, ಹತ್ತು ಯಾರ್ಡ್ ದಂಡ. ಸ್ನ್ಯಾಪ್‌ಗೆ ಮುಂಚೆ ಮೈ ಕದಲಿದರೆ ಐದು ಯಾರ್ಡ್.

ಇಷ್ಟೆಲ್ಲ ಮಾಡಿದರೂ ಅವನ ಹೆಸರಿನ ಮುಂದೆ ಬರೆಯೋಕೆ ಅಂಕಿ ಅಂತ ಏನೂ ಇರುವುದಿಲ್ಲ. ಓಡಿದವನಿಗೆ ಯಾರ್ಡ್ ಲೆಕ್ಕ, ಹಿಡಿದವನಿಗೆ ಕ್ಯಾಚ್ ಲೆಕ್ಕ. ಲೈನ್‌ಮನ್‌ನ ನಂಬರ್ ಮೈಕಿನಲ್ಲಿ ಕೇಳಿಸುವುದು ರೆಫರಿ ದಂಡ ಹಾಕಿದಾಗ. ಒಂದು ಆಟದಲ್ಲಿ ಅರವತ್ತು ಎಪ್ಪತ್ತು ಸ್ನ್ಯಾಪ್ ಇರುತ್ತೆ. ಅರವತ್ತನ್ನು ಸರಿಯಾಗಿ ಮಾಡಿ ಒಂದನ್ನು ಬಿಟ್ಟರೆ, ಆ ಒಂದನ್ನೇ ಟಿವಿಯವರು ನಿಧಾನಕ್ಕೆ ನಾಲ್ಕು ಸಲ ತೋರಿಸ್ತಾರೆ.

ಕಬಡ್ಡಿ ನೋಡಿದವರಿಗೆ ಇದು ಬೇಗ ತಿಳಿಯುತ್ತೆ. ಚೈನ್ ಹಿಡಿದು ನಿಂತ ಡಿಫೆಂಡರ್‌ಗಳಲ್ಲಿ ಒಬ್ಬ ಅರ್ಧ ಹೆಜ್ಜೆ ಮುಂದೆ ಹೋದರೂ ರೇಡರ್ ಜಾಗ ಹುಡುಕಿಕೊಳ್ತಾನೆ. ಲೈನ್‌ನಲ್ಲೂ ಹಾಗೇ. ಎದುರಿನ ಇಬ್ಬರು ಓಡುತ್ತಾ ಓಡುತ್ತಾ ಜಾಗ ಅದಲುಬದಲು ಮಾಡಿಕೊಳ್ತಾರೆ, ಆಗ ಗಾರ್ಡ್ ತನ್ನವನನ್ನು ಟ್ಯಾಕಲ್‌ಗೆ ಒಪ್ಪಿಸಿ ಅವನವನನ್ನು ತಾನು ತಗೋಬೇಕು. ಮಾತಾಡೋಕೆ ಸಮಯ ಇಲ್ಲ. ಪಕ್ಕದವನ ಭುಜ ಎಲ್ಲಿದೆ ಅಂತ ಮೈಗೇ ಗೊತ್ತಿರಬೇಕು. ಈಗ ಯೋಚಿಸಿ, ಬುಧವಾರ ತಂಡಕ್ಕೆ ಬಂದವನು ಭಾನುವಾರ ಪಕ್ಕದಲ್ಲಿ ನಿಲ್ಲಬೇಕು. ತಂಡ ಬದಲಾಯಿಸುವ ಲೈನ್‌ಮನ್‌ನ ಕೆಲಸ ಇದು.

ಈಗ ಮೈಕ್ ಪರ್ಸನ್ ಕಥೆ. ಮೊಂಟಾನಾ ರಾಜ್ಯದ ಪೂರ್ವಕ್ಕೆ ಗ್ಲೆಂಡೈವ್ ಅಂತ ಸಣ್ಣ ಊರು, ಅಲ್ಲಿಯವರು. ಓದಿದ್ದು ಆಡಿದ್ದು ಮೊಂಟಾನಾ ಸ್ಟೇಟ್‌ನಲ್ಲಿ. ಅದು ಕಾಲೇಜು ಫುಟ್‌ಬಾಲ್‌ನ ಮೇಲಿನ ಹಂತದ ಶಾಲೆಯಲ್ಲ, ಒಂದು ಮೆಟ್ಟಿಲು ಕೆಳಗಿನದು. 2011ರ ಡ್ರಾಫ್ಟ್‌ನಲ್ಲಿ, ಅಂದರೆ ತಂಡಗಳು ಸರದಿಯಲ್ಲಿ ಕಾಲೇಜು ಆಟಗಾರರನ್ನು ಆರಿಸಿಕೊಳ್ಳುವಾಗ, ಸ್ಯಾನ್ ಫ್ರಾನ್ಸಿಸ್ಕೋ ಫೋರ್ಟಿನೈನರ್ಸ್ ಅವರನ್ನು ತಗೊಂಡಿತು. ಡ್ರಾಫ್ಟ್‌ನಲ್ಲಿ ಏಳು ಸುತ್ತು ಇರುತ್ತೆ, ಇವರು ಏಳನೇ ಸುತ್ತಿನಲ್ಲಿ 239ನೇ ಆಟಗಾರ. ಇನ್ನು ಹದಿನೈದು ಹೆಸರು ಕೂಗಿದ್ದರೆ ಡ್ರಾಫ್ಟೇ ಮುಗಿಯುತ್ತಿತ್ತು.

ಮುಂದಿನ ವರ್ಷವೇ ಆ ತಂಡ ಬಿಟ್ಟಿತು. ಹೀಗೆ ಬಿಡುವುದು ಹೇಗೆ ಅಂತ ಗೊತ್ತಿರಬೇಕು, ಯಾಕಂದ್ರೆ 'ಯಾರಿಗೂ ಬೇಡವಾದವನು' ಅನ್ನೋ ಮಾತು ಹುಟ್ಟೋದೇ ಅಲ್ಲಿಂದ. ಬೇಸಿಗೆ ಕ್ಯಾಂಪಿಗೆ ಒಂದು ತಂಡ 90 ಜನರನ್ನು ಕರೆಯುತ್ತೆ. ಆಗಸ್ಟ್ ಕೊನೆಗೆ 53 ಜನ ಉಳಿಯಬೇಕು. 32 ತಂಡದಲ್ಲೂ ಇದೇ ಲೆಕ್ಕ, ಅಂದರೆ ಎರಡು ಮೂರು ದಿನದಲ್ಲಿ ಸಾವಿರಕ್ಕೂ ಹೆಚ್ಚು ಆಟಗಾರರು ಕೆಲಸ ಕಳೆದುಕೊಳ್ತಾರೆ. ಎಲ್ಲರೂ ಕಾಲೇಜಿನಲ್ಲಿ ತಮ್ಮ ತಂಡಕ್ಕೆ ದೊಡ್ಡವರಾಗಿದ್ದವರೇ. ಬೆಳಗ್ಗೆ ಒಬ್ಬ ಸಿಬ್ಬಂದಿ ಬಂದು 'ಕೋಚ್ ಕರೀತಿದ್ದಾರೆ, ಪ್ಲೇಬುಕ್ ತಗೊಂಡು ಬಾ' ಅಂತಾನೆ. ಆ ಕೆಲಸದವನಿಗೆ ಆಟಗಾರರು ಇಟ್ಟ ಹೆಸರು 'ಟರ್ಕ್'. ನಮ್ಮ ಶಾಲೆಯ ಹುಡುಗ ಹೇಳಿದ್ದು ನನಗೆ ಇನ್ನೂ ನೆನಪಿದೆ. ಕೊನೇ ವಾರ ಅವನು ಶವರ್‌ನಲ್ಲಿ ನೀರು ಜೋರಾಗಿ ಬಿಡ್ತಾನೇ ಇರಲಿಲ್ಲವಂತೆ, ಬಾಗಿಲು ಬಡಿದ ಸದ್ದು ಕೇಳದೆ ಹೋಗಬಾರದು ಅಂತ. ನಾಲ್ಕನೇ ದಿನ ಬಾಗಿಲು ಬಡಿದರು. ಅವನಿಗೆ ಇನ್ನೊಂದು ಫೋನ್ ಬರಲಿಲ್ಲ. ಈಗ ಇಲ್ಲೇ ಅಗ್ನಿಶಾಮಕ ದಳದಲ್ಲಿದ್ದಾನೆ. ಪ್ರತಿ ಆಗಸ್ಟ್‌ನಲ್ಲಿ ನಮ್ಮ ಹುಡುಗರಿಗೆ ಪಾದ ಇಡೋದು ಹೇಳಿಕೊಡೋಕೆ ಬರ್ತಾನೆ.

ಪರ್ಸನ್‌ಗೆ ಫೋನ್ ಬಂತು. ಕಡಿಮೆ ವರ್ಷ ಆಡಿದವರನ್ನು ತಂಡ ಬಿಟ್ಟರೆ ಅವರ ಹೆಸರು ವೇವರ್ ಪಟ್ಟಿಗೆ ಹೋಗುತ್ತೆ. ಬೇರೆ ತಂಡಗಳಿಗೆ ಸುಮಾರು ಒಂದು ದಿನದ ಸಮಯ. ಕೇಳಿದವರಲ್ಲಿ ಯಾರು ಹಿಂದೆ ಬಿದ್ದ ತಂಡವೋ ಅವರಿಗೆ ಮೊದಲ ಹಕ್ಕು. ಆಟಗಾರನನ್ನು ಯಾರೂ ಕೇಳುವುದಿಲ್ಲ. ಮಧ್ಯಾಹ್ನ ಗೊತ್ತಾಗುತ್ತೆ, ರಾತ್ರಿ ವಿಮಾನ. ಬಾಡಿಗೆ ಮನೆ, ಕಾರು, ಹೆಂಡತಿ, ಮಗು, ಎಲ್ಲ ಹಿಂದಿನ ಊರಿನಲ್ಲಿ. 2012ರಿಂದ 2014ರ ಒಳಗೆ ಪರ್ಸನ್ ಇಂಡಿಯಾನಾಪೊಲಿಸ್ ಕೋಲ್ಟ್ಸ್, ಸಿಯಾಟಲ್ ಸೀಹಾಕ್ಸ್, ಆಗ ಸೇಂಟ್ ಲೂಯಿಸ್‌ನಲ್ಲಿದ್ದ ರಾಮ್ಸ್, ಮೂರೂ ಕಡೆ ಇದ್ದರು. ಹೆಚ್ಚಿನ ಭಾನುವಾರ ಬೆಂಚಿನಲ್ಲಿ.

ಬೆಂಚಿನಲ್ಲಿ ಕೂರುವ ಲೈನ್‌ಮನ್ ಸುಮ್ನೆ ಕೂತಿರುವುದಿಲ್ಲ. ಈ ವೃತ್ತಿಯ ಗುಟ್ಟೇ ಇಲ್ಲಿದೆ. ಆಟದ ದಿನ ತಂಡ ಸಾಮಾನ್ಯವಾಗಿ ಎಂಟು ಲೈನ್‌ಮನ್‌ಗಳಿಗೆ ಜರ್ಸಿ ಹಾಕಿಸುತ್ತೆ, ಮುಂಚೆ ಏಳೇ ಇರ್ತಿದ್ದದ್ದೂ ಉಂಟು. ಐದು ಜನ ಆಡ್ತಾರೆ. ಉಳಿದ ಇಬ್ಬರು ಮೂವರು ಐದೂ ಜಾಗಕ್ಕೆ ತಯಾರಿರಬೇಕು. ಎಡದ ಗಾರ್ಡ್‌ಗೆ ಮೊಣಕಾಲು ತಿರುಚಿದರೆ ಎಡಕ್ಕೆ, ಸೆಂಟರ್‌ಗೆ ಏನಾದರೂ ಆದರೆ ಸೆಂಟರ್‌ಗೆ. ಎಡದಿಂದ ಬಲಕ್ಕೆ ಹೋಗೋದು ಹೊರಗಿಂದ ನೋಡಿದರೆ ಎರಡು ಹೆಜ್ಜೆ ಪಕ್ಕಕ್ಕೆ ನಿಂತಂತೆ ಕಾಣುತ್ತೆ. ಮಾಡುವವನಿಗೆ ಎಡಗೈಯಲ್ಲಿ ಬರೆದ ಹಾಗೆ. ಹಿಂದಿಡುವ ಕಾಲು ಬದಲು, ಮೊದಲು ಏಳುವ ಕೈ ಬದಲು, ಸೊಂಟ ತಿರುಗುವ ದಿಕ್ಕು ಬದಲು. ನಾನು ಫಿಸಿಯೋ ಆಗಿ ಹೇಳ್ತೀನಿ, ವರ್ಷಗಟ್ಟಲೆ ಒಂದೇ ಬದಿ ಆಡಿದವನ ಎರಡು ಸೊಂಟದ ಕೀಲುಗಳು ಒಂದೇ ಥರ ಇರುವುದಿಲ್ಲ, ಕೈಯಲ್ಲಿ ಮುಟ್ಟಿ ನೋಡಿದರೆ ಗೊತ್ತಾಗುತ್ತೆ.

ಸೆಂಟರ್ ಕೆಲಸ ಇನ್ನೂ ಬೇರೆ. ಚೆಂಡು ಕೊಡುತ್ತಲೇ ಎದುರಿನವನ ಗುದ್ದು ತಡೆಯಬೇಕು. ಅದಕ್ಕೂ ಮುಂಚೆ ಎದುರಾಳಿಗಳು ಹೇಗೆ ನಿಂತಿದ್ದಾರೆ ಅಂತ ನೋಡಿ, ಯಾವ ಲೈನ್‌ಬ್ಯಾಕರ್‌ನಿಂದ (ಎದುರಾಳಿಯ ಎರಡನೇ ಸಾಲಿನವನು) ಎಣಿಸಬೇಕು ಅಂತ ಕೂಗಿ ಹೇಳಬೇಕು. ಆ ಕೂಗಿನ ಮೇಲೆ ಉಳಿದ ನಾಲ್ವರೂ ತಮ್ಮ ತಮ್ಮವರನ್ನು ಹಂಚಿಕೊಳ್ತಾರೆ. ಗಾರ್ಡೂ ಆಡಿ ಸ್ನ್ಯಾಪೂ ಕೊಡಬಲ್ಲವನಿದ್ದರೆ ತಂಡಕ್ಕೆ ಒಬ್ಬನಲ್ಲಿ ಇಬ್ಬರು ಸಿಕ್ಕ ಹಾಗೆ. ಪರ್ಸನ್ ಅಂಥವರು. ಒಬ್ಬರು ಬಿಟ್ಟ ಮೇಲೂ ಇನ್ನೊಬ್ಬರು ತಗೊಳ್ಳುತ್ತಿದ್ದದ್ದು ಇದಕ್ಕೇ.

2020ರಲ್ಲಿ ಆಟಗಾರರ ಸಂಘ ಮತ್ತು ಮಾಲೀಕರ ನಡುವೆ ಹೊಸ ಒಪ್ಪಂದ ಆಯಿತು. ಅದರಲ್ಲಿ ಒಂದು ಸಣ್ಣ ನಿಯಮ ಬಂತು, ಎಂಟು ಲೈನ್‌ಮನ್‌ಗಳಿಗೆ ಜರ್ಸಿ ಹಾಕಿಸಿದರೆ ತಂಡ ಆಟದ ದಿನ 48 ಜನರನ್ನು ಇಳಿಸಬಹುದು, ಇಲ್ಲದಿದ್ದರೆ 47. ಪತ್ರಿಕೆಗಳಲ್ಲಿ ಇದು ದೊಡ್ಡ ಸುದ್ದಿಯಾಗಲಿಲ್ಲ. ಆದರೆ ಎಂಟನೇ ಲೈನ್‌ಮನ್ ಅಂದರೆ ಯಾರು? ಇಂಥ ಊರೂರು ಸುತ್ತುವ ಆಟಗಾರರೇ. ಆ ಒಂದು ಸಾಲಿನಿಂದ ಎಷ್ಟೋ ಮನೆಗಳಲ್ಲಿ ಒಲೆ ಉರಿದಿದೆ, ನನಗೆ ಅದನ್ನು ನೆನೆದರೆ ಖುಷಿಯಾಗುತ್ತೆ.

ಸರಿ, 2015. ಅಟ್ಲಾಂಟಾ ಫಾಲ್ಕನ್ಸ್ ಪರ್ಸನ್‌ರನ್ನು ಕರೆಯಿತು. ಆ ವರ್ಷ 14 ಆಟ ಸೆಂಟರ್ ಆಗಿ ಶುರುವಿನಿಂದ ಆಡಿದರು. ಐದನೇ ವರ್ಷಕ್ಕೆ ಸಿಕ್ಕ ಮೊದಲ ದೊಡ್ಡ ಅವಕಾಶ ಅದು. 2016ಕ್ಕೆ ಫಾಲ್ಕನ್ಸ್ ಅಲೆಕ್ಸ್ ಮ್ಯಾಕ್ ಅನ್ನೋ ಹೆಸರಾಂತ ಸೆಂಟರ್‌ನ ತಂದಿತು, ಪರ್ಸನ್ ಹೊರಗೆ. ಅದೇ ವರ್ಷ ಫಾಲ್ಕನ್ಸ್ ಎನ್‌ಎಫ್‌ಎಲ್‌ನ ಅಂತಿಮ ಆಟವಾದ ಸೂಪರ್ ಬೌಲ್‌ಗೆ ಹೋಯಿತು. ತಾನು ನಿಂತಿದ್ದ ಜಾಗದಲ್ಲಿ ಬೇರೊಬ್ಬರು ನಿಂತಿರುವುದನ್ನು ಟಿವಿಯಲ್ಲಿ ನೋಡಬೇಕು. ಆ ವರ್ಷ ಅವರಿದ್ದದ್ದು ಕ್ಯಾನ್ಸಸ್ ಸಿಟಿ ಚೀಫ್ಸ್‌ನಲ್ಲಿ, 2017ಕ್ಕೆ ಮತ್ತೆ ಕೋಲ್ಟ್ಸ್.

ನೀವು ಪಟ್ಟಿ ನೋಡಿದಾಗ ಇಲ್ಲಿಗೆ ಬಂದು 'ಮುಗೀತು' ಅಂದುಕೊಂಡಿರಬೇಕು. ವಯಸ್ಸು ಮೂವತ್ತು. ಆದರೆ 2015ರಲ್ಲಿ ಅಟ್ಲಾಂಟಾದಲ್ಲಿ ಅಫೆನ್ಸ್ ನೋಡಿಕೊಳ್ತಿದ್ದ ಕೋಚ್ ಕೈಲ್ ಶಾನಹನ್. 2017ರಲ್ಲಿ ಅವರು ಫೋರ್ಟಿನೈನರ್ಸ್‌ಗೆ ಮುಖ್ಯ ಕೋಚ್ ಆದರು. 2018ರಲ್ಲಿ ಪರ್ಸನ್‌ಗೆ ಫೋನ್ ಬಂದದ್ದು ಅಲ್ಲಿಂದ, ಮೊದಲು ಬಿಟ್ಟಿದ್ದ ತಂಡದಿಂದಲೇ. ಶಾನಹನ್ ಆಡಿಸುವ ಓಟದ ಆಟದಲ್ಲಿ ಐದೂ ಜನ ಒಟ್ಟಿಗೆ ಒಂದೇ ಬದಿಗೆ ಜಾರಬೇಕು, ಮೈಬಲಕ್ಕಿಂತ ಪಾದ ಮುಖ್ಯ, ಯಾವಾಗ ಪಕ್ಕದವನನ್ನು ಬಿಟ್ಟು ಮುಂದೆ ಹೋಗಬೇಕು ಅನ್ನೋದು ಮುಖ್ಯ. ಆ ಭಾಷೆ ಪರ್ಸನ್‌ಗೆ ಆಗಲೇ ಬರ್ತಿತ್ತು.

ಬಲ ಗಾರ್ಡ್ ಜಾಗಕ್ಕೆ ಆಗ ಅಲ್ಲಿ ಇನ್ನಿಬ್ಬರು ಇದ್ದರು. ಜೊನಾಥನ್ ಕೂಪರ್, 2013ರ ಡ್ರಾಫ್ಟ್‌ನಲ್ಲಿ ಏಳನೆಯವರಾಗಿ ಹೋದವರು. ಜೋಶುವಾ ಗಾರ್ನೆಟ್, 2016ರಲ್ಲಿ ಮೊದಲ ಸುತ್ತಿನಲ್ಲೇ ಹೋದವರು. ಜಾಗ ಗೆದ್ದದ್ದು 239ನೆಯವರು. ಆ ವರ್ಷ 16ಕ್ಕೆ 16 ಆಟವೂ ಪರ್ಸನ್ ಶುರುವಿನಿಂದ ಆಡಿದರು. 2019ಕ್ಕೆ ತಂಡ ಮೂರು ವರ್ಷದ ಹೊಸ ಒಪ್ಪಂದ ಕೊಟ್ಟಿತು.

ಆ 2019ರ ಫೋರ್ಟಿನೈನರ್ಸ್ ಲೈನ್ ನೋಡೋದೇ ಒಂದು ಸಂತೋಷ. ಮಗನ ಜೊತೆ ಕೂತು ಗ್ರೀನ್ ಬೇ ಪ್ಯಾಕರ್ಸ್ ವಿರುದ್ಧದ ಎನ್‌ಎಫ್‌ಸಿ (ಲೀಗಿನ ಎರಡು ಬಣಗಳಲ್ಲಿ ಒಂದು) ಫೈನಲ್ ನೋಡಿ, 2020ರ ಜನವರಿಯದ್ದು. 37-20ರಲ್ಲಿ ಗೆದ್ದರು. ಕ್ವಾರ್ಟರ್‌ಬ್ಯಾಕ್ ಇಡೀ ಆಟದಲ್ಲಿ ಎಸೆದದ್ದು ಎಂಟೇ ಪಾಸ್! ಎಲ್ಲ ಓಟ. ರಹೀಮ್ ಮೋಸ್ಟರ್ಟ್ 220 ಯಾರ್ಡ್ ಓಡಿ ನಾಲ್ಕು ಟಚ್‌ಡೌನ್ ಮಾಡಿದರು. ಈ ಮೋಸ್ಟರ್ಟ್ ಯಾರು ಗೊತ್ತಾ? ಡ್ರಾಫ್ಟ್‌ನಲ್ಲಿ ಯಾರೂ ತಗೊಳ್ಳದವರು, ಅಲ್ಲಿಗೆ ಬರುವ ಮುಂಚೆ ಆರು ತಂಡಗಳಿಂದ ಹೊರಬಿದ್ದವರು. ತಮ್ಮನ್ನು ಬಿಟ್ಟ ತಾರೀಕುಗಳನ್ನೆಲ್ಲ ಬರೆದಿಟ್ಟುಕೊಂಡು, ಆಟಕ್ಕೆ ಮುಂಚೆ ಅದನ್ನು ನೋಡಿಕೊಳ್ತೀನಿ ಅಂತ ಅವರೇ ಹೇಳಿದ್ದರು. ಆ ರಾತ್ರಿ ಓಡಿದವರೂ ಹಾಗೆ ಊರೂರು ಸುತ್ತಿ ಬಂದವರು, ದಾರಿ ಮಾಡಿಕೊಟ್ಟ ಲೈನ್‌ನ ಬಲ ಗಾರ್ಡೂ ಹಾಗೆ ಬಂದವರು.

ಎರಡು ವಾರದ ಮೇಲೆ, ಫೆಬ್ರವರಿ 2ರಂದು, ಮಯಾಮಿಯಲ್ಲಿ ಸೂಪರ್ ಬೌಲ್. ಎದುರಾಳಿ ಪರ್ಸನ್ ಒಂದು ವರ್ಷ ಇದ್ದ ಅದೇ ಚೀಫ್ಸ್. 68ನೇ ನಂಬರ್ ಬಲ ಗಾರ್ಡ್ ಜಾಗದಲ್ಲಿ ಮೊದಲ ಸ್ನ್ಯಾಪ್‌ಗೆ ಬಗ್ಗಿ ನಿಂತಿತ್ತು. ಕೊನೇ ಕ್ವಾರ್ಟರ್‌ನಲ್ಲಿ 20-10ರಲ್ಲಿ ಮುಂದಿದ್ದರು, ಸೋತದ್ದು 31-20. ಅದಾದ ಮೇಲೆ ತಂಡ ಅವರನ್ನು ಬಿಟ್ಟಿತು, ಎನ್‌ಎಫ್‌ಎಲ್‌ನಲ್ಲಿ ಅವರು ಮತ್ತೆ ಆಡಲಿಲ್ಲ. ಸೂಪರ್ ಬೌಲ್ ಗೆದ್ದವರಿಗೆ ಸಿಗುವ ಉಂಗುರ ಕೈಗೆ ಬರಲಿಲ್ಲ. ನಿಮ್ಮ ಮಗನಿಗೆ ಅದು ಗೊತ್ತಿರುತ್ತೆ, ಆದರೂ ಅವನು ಆ ನಂಬರನ್ನೇ ಕೇಳಿದ್ದಾನೆ.

ಇನ್ನು ದುಡ್ಡಿನ ವಿಷಯ. ಕೇಳಿಲ್ಲ ನೀವು, ಆದರೆ ಅಪ್ಪನಾಗಿ ಮನಸ್ಸಿನಲ್ಲಿ ಇರುತ್ತೆ. 2024ರ ಲೆಕ್ಕದಲ್ಲಿ ಹೊಸಬನಿಗೆ ಕನಿಷ್ಠ ಸಂಬಳ ವರ್ಷಕ್ಕೆ 7,95,000 ಡಾಲರ್, ಏಳು ವರ್ಷ ದಾಟಿದವರಿಗೆ 12,10,000 ಡಾಲರ್. ಕೇಳೋಕೆ ತುಂಬ ಜಾಸ್ತಿ. ಆದರೆ ಈ ಕನಿಷ್ಠ ಸಂಬಳ ಹೆಚ್ಚಿನವರಿಗೆ ವಾರಕ್ಕೊಂದು ಕಂತಾಗಿ ಬರುತ್ತೆ, 18 ವಾರಕ್ಕೆ 18 ಕಂತು, ತಂಡದಲ್ಲಿದ್ದ ವಾರಕ್ಕೆ ಮಾತ್ರ. ಆರು ವಾರ ಇದ್ದರೆ ಆರು ಕಂತು ಅಷ್ಟೇ. 53ರಲ್ಲಿ ಜಾಗ ಸಿಗದವರಿಗೆ ಪ್ರಾಕ್ಟೀಸ್ ಸ್ಕ್ವಾಡ್ ಇದೆ, ಒಂದು ತಂಡಕ್ಕೆ 16 ಜನ. ಅಲ್ಲಿ 2024ರಲ್ಲಿ ವಾರಕ್ಕೆ ಕನಿಷ್ಠ 12,500 ಡಾಲರ್, ನಮ್ಮ ರೂಪಾಯಿಯಲ್ಲಿ ಹತ್ತು ಲಕ್ಷಕ್ಕೂ ಜಾಸ್ತಿ. ಆದರೆ ಯಾವ ಮಂಗಳವಾರ ಬೇಕಾದರೂ ಮನೆಗೆ ಕಳಿಸಬಹುದು. ಏಜೆಂಟ್‌ಗೆ ಒಂದು ಪಾಲು, ತೆರಿಗೆ, ಆಡಿದ ಒಂದೊಂದು ರಾಜ್ಯಕ್ಕೂ ಬೇರೆ ಬೇರೆ ತೆರಿಗೆ, ಎರಡು ಊರಿನಲ್ಲಿ ಬಾಡಿಗೆ.

ಅನುಭವಸ್ಥರಿಗೆ ಒಂದು ವಿಚಿತ್ರ ತೊಂದರೆ ಇದೆ. ನಾಲ್ಕು ವರ್ಷ ಅಥವಾ ಅದಕ್ಕಿಂತ ಜಾಸ್ತಿ ಆಡಿದವರು ಮೊದಲ ವಾರದ ಆಟಕ್ಕೆ 53ರ ಪಟ್ಟಿಯಲ್ಲಿದ್ದು ಆಮೇಲೆ ಕೈಬಿಟ್ಟರೆ, ಆ ವರ್ಷದ ಉಳಿದ ಸಂಬಳ ಕೇಳುವ ಹಕ್ಕು ಅವರಿಗೆ ಸಿಗುತ್ತೆ. ಅದಕ್ಕೇ ಕೆಲವು ತಂಡಗಳು ಮೊದಲ ಆಟ ಮುಗಿಯಲಿ ಅಂತ ಕಾದು, ಸೋಮವಾರ ಫೋನ್ ಮಾಡ್ತವೆ. ಆ ಒಂದು ವಾರ ಮೂವತ್ತು ದಾಟಿದ ಲೈನ್‌ಮನ್‌ಗಳು ತಮ್ಮೂರಿನ ಜಿಮ್‌ನಲ್ಲಿ ಬೆವರು ಸುರಿಸಿಕೊಂಡು ಫೋನ್ ಪಕ್ಕದಲ್ಲೇ ಇಟ್ಟುಕೊಂಡಿರ್ತಾರೆ. ಪಿಂಚಣಿಗೆ ಮಾತ್ರ ಮೂರು ಸೀಸನ್ ಲೆಕ್ಕಕ್ಕೆ ಬಂದರೆ ಸಾಕು. ಮೂರು ಅನ್ನೋದು ಸುಲಭ ಅನ್ನಿಸಬಹುದು, ಆದರೆ ಅಲ್ಲಿಗೂ ಮುಟ್ಟದೆ ಹೋದವರು ಬಹಳ ಜನ.

ಮೈ ಬಗ್ಗೆ ನಾನು ಸ್ವಲ್ಪ ಜಾಸ್ತಿ ಹೇಳಬೇಕು, ನನ್ನ ಕೆಲಸವೇ ಅದು. 140 ಕಿಲೋ ಅನ್ನೋದು ಹಸಿವಿಗೆ ತಿಂದು ಬರುವ ತೂಕ ಅಲ್ಲ. ಹಸಿವಿಲ್ಲದಾಗಲೂ ತಿನ್ನಬೇಕು, ಮಲಗುವ ಮುಂಚೆ ಮತ್ತೆ ತಿನ್ನಬೇಕು, ಎರಡು ದಿನ ಜ್ವರ ಬಂದರೆ ನಾಲ್ಕು ಕಿಲೋ ಹೋಗಿಬಿಡುತ್ತೆ. ಆಟ ಬಿಟ್ಟ ಮೇಲೆ ಅದನ್ನು ಇಳಿಸುವುದು ಇನ್ನೊಂದು ಕೆಲಸ. ನಮ್ಮ ಒಹಾಯೋದ ಕ್ಲೀವ್‌ಲ್ಯಾಂಡ್ ಬ್ರೌನ್ಸ್‌ನ ಜೋ ಥಾಮಸ್ ಆಟ ಬಿಟ್ಟ ಕೆಲವೇ ತಿಂಗಳಲ್ಲಿ ಸುಮಾರು 50 ಪೌಂಡ್ ಇಳಿಸಿದರು. ನೋಡಿದವರಿಗೆ ಗುರುತೇ ಸಿಗಲಿಲ್ಲ. ಥಾಮಸ್ ಹೆಸರು ಬಂದದ್ದಕ್ಕೆ ಇನ್ನೊಂದು ಮಾತು. ಅವರು ಪರ್ಸನ್‌ಗೆ ಪೂರ್ತಿ ಎದುರು. 2007ರಲ್ಲಿ ಮೂರನೆಯವರಾಗಿ ಡ್ರಾಫ್ಟ್ ಆದರು, 11 ಸೀಸನ್ ಒಂದೇ ತಂಡ, ಒಂದೂ ಬಿಡದೆ 10,363 ಸ್ನ್ಯಾಪ್ ಆಡಿದರು, 2023ರಲ್ಲಿ ಹಾಲ್ ಆಫ್ ಫೇಮ್. ನಾನು ಕಣ್ಣಾರೆ ನೋಡಿದ ಅತ್ಯುತ್ತಮ ಟ್ಯಾಕಲ್ ಅವರೇ. ಅಂಥವರಿಗೂ ಒಂದೇ ಒಂದು ಪ್ಲೇಆಫ್ (ಲೀಗ್ ಹಂತದ ನಂತರದ ನಾಕೌಟ್) ಆಟ ಆಡುವ ಅವಕಾಶ ಸಿಗಲಿಲ್ಲ. ಒಂದೇ ತಂಡದಲ್ಲಿ ಉಳಿದವರಿಗೆ ಎಲ್ಲ ಸಿಕ್ಕಿತು, ಸುತ್ತಿದವರಿಗೆ ಏನೂ ಸಿಗಲಿಲ್ಲ ಅಂತ ಲೆಕ್ಕ ಹಾಕೋಕೆ ಆಗೋದಿಲ್ಲ.

ಗಾಯ ಇಲ್ಲದ ಲೈನ್‌ಮನ್ ಇಲ್ಲ. ಬೆರಳುಗಳು ಸೊಟ್ಟ, ಭುಜದಲ್ಲಿ ಹೊಲಿಗೆ. ಅದರಲ್ಲೂ ಮೊಣಕಾಲು. ಬೇರೆಯವರ ಮೈ ಹಿಂದಿನಿಂದ ಕಾಲ ಮೇಲೆ ಉರುಳಿ ಬೀಳುತ್ತೆ, ತಪ್ಪಿಸಿಕೊಳ್ಳೋಕೆ ಆಗಲ್ಲ. ಮೊಣಕಾಲಿಗೆ ಪೆಟ್ಟಾದ ಟ್ಯಾಕಲ್ ಕೆಲ್ವಿನ್ ಬೀಚಮ್ ಕಥೆ ನೋಡಿ. 2012ರಲ್ಲಿ ಏಳನೇ ಸುತ್ತು, 248ನೇ ಹೆಸರು, ಪಿಟ್ಸ್‌ಬರ್ಗ್ ಸ್ಟೀಲರ್ಸ್. ಟ್ಯಾಕಲ್‌ಗೆ ಎತ್ತರ ಸಾಲದು ಅಂದರು. ಎರಡನೇ ವರ್ಷಕ್ಕೆ ಎಡ ಟ್ಯಾಕಲ್ ಜಾಗ ಅವರದ್ದಾಯಿತು. 2015ರಲ್ಲಿ, ದೊಡ್ಡ ಒಪ್ಪಂದ ಸಿಗಬೇಕಾದ ವರ್ಷವೇ, ಮೊಣಕಾಲಿನ ಎಸಿಎಲ್ ಅನ್ನೋ ಅಸ್ಥಿರಜ್ಜು (ಲಿಗಮೆಂಟ್) ಹರಿಯಿತು. ಆಮೇಲೆ ಜಾಕ್ಸನ್‌ವಿಲ್, ಆಮೇಲೆ ಮೂರು ವರ್ಷ ನ್ಯೂಯಾರ್ಕ್ ಜೆಟ್ಸ್, 2020ರಿಂದ ಅರಿಜೋನಾ. ಹತ್ತು ವರ್ಷ ಯಾವಾಗಲೋ ದಾಟಿದರು. ಅವರ ಜೊತೆ ಅದೇ ವರ್ಷ ಮೊದಲ ಸುತ್ತಿನಲ್ಲಿ ಹೋದ ಬಹುತೇಕರು ಅಷ್ಟರಲ್ಲಿ ಆಟ ಬಿಟ್ಟಿದ್ದರು.

ತಲೆಗೆ ಬೀಳುವ ಪೆಟ್ಟಿನ ಬಗ್ಗೆ ನೇರವಾಗಿ ಹೇಳ್ತೀನಿ. ಲೈನ್‌ಮನ್‌ಗಳಿಗೆ ಒಂದು ದೊಡ್ಡ ಗುದ್ದಿಗಿಂತ ಪ್ರತಿ ಸ್ನ್ಯಾಪ್‌ನ ಸಣ್ಣ ಸಣ್ಣ ಗುದ್ದೇ ಚಿಂತೆ. 2022ರಲ್ಲಿ ಎನ್‌ಎಫ್‌ಎಲ್ ಕ್ಯಾಂಪ್‌ಗಳಲ್ಲಿ ಲೈನ್‌ಮನ್‌ಗಳು ಹೆಲ್ಮೆಟ್ ಮೇಲೆ ಮೆತ್ತನೆಯ ಕವಚ ಹಾಕಲೇಬೇಕು ಅನ್ನೋ ನಿಯಮ ಬಂತು. ನಿಮ್ಮ ಶಾಲೆಯ ಕೋಚ್‌ನ ಕೇಳಿ, ಅಭ್ಯಾಸದಲ್ಲಿ ಅದು ಇದೆಯಾ, ವಾರಕ್ಕೆ ಎಷ್ಟು ದಿನ ಪೂರ್ತಿ ಗುದ್ದಾಟ ಆಡಿಸ್ತಾರೆ ಅಂತ. ಸಂಕೋಚ ಬೇಡ. ಒಳ್ಳೆಯ ಕೋಚ್ ಈ ಪ್ರಶ್ನೆಗೆ ಬೇಜಾರು ಮಾಡಿಕೊಳ್ಳುವುದಿಲ್ಲ.

ಎನ್‌ಎಫ್‌ಎಲ್ ಒಂದೇ ದಾರಿಯೂ ಅಲ್ಲ. ಕೆನಡಾದ ಲೀಗ್ ಇದೆ, ಅಲ್ಲಿ ಎದುರಿನವರು ಚೆಂಡಿನಿಂದ ಒಂದು ಯಾರ್ಡ್ ದೂರ ನಿಲ್ಲಬೇಕು, ಹಾಗಾಗಿ ಓಡಿ ಬಂದು ಗುದ್ದುತ್ತಾರೆ. ಲೈನ್‌ಮನ್ ಪಾದ ಬೇರೆಯದೇ ಲಯ ಕಲಿಯಬೇಕು. ನಮ್ಮ ಕಡೆಯವರು ಯಾರಾದರೂ ಈ ಜಾಗದಲ್ಲಿ ಆಡಿದ್ದಾರಾ ಅಂತ ಮಗ ಕೇಳಿದರೆ ಬಾಬಿ ಸಿಂಗ್ ಹೆಸರು ಹೇಳಿ. ಭಾರತ ಮೂಲ, ಹುಟ್ಟಿದ್ದು ಫಿಜಿಯಲ್ಲಿ, ಬೆಳೆದದ್ದು ಕೆನಡಾದಲ್ಲಿ, ಆಡಿದ್ದು ಗಾರ್ಡ್. 1999ರ ಸೀಸನ್‌ನಲ್ಲಿ ಸೂಪರ್ ಬೌಲ್ ಗೆದ್ದ ಸೇಂಟ್ ಲೂಯಿಸ್ ರಾಮ್ಸ್ ಬಳಗದಲ್ಲಿದ್ದರು. 2001ರಲ್ಲಿ ಒಂದೇ ವರ್ಷ ನಡೆದ ಹಳೆಯ ಎಕ್ಸ್‌ಎಫ್‌ಎಲ್ ಲೀಗ್ ಗೆದ್ದ ಲಾಸ್ ಏಂಜಲೀಸ್ ತಂಡದಲ್ಲಿದ್ದರು. ಕೆನಡಾದ ಗ್ರೇ ಕಪ್ಪನ್ನೂ ಗೆದ್ದರು. ಮೂರು ಲೀಗ್, ಮೂರು ಗೆಲುವು. ಊರೂರು ಸುತ್ತದೆ ಇದು ಆಗೋದೇ ಇಲ್ಲ.

ನಿಮ್ಮ ಮಗ ಇನ್ನೂ 15, ಎನ್‌ಎಫ್‌ಎಲ್ ಮಾತು ಬಹಳ ದೂರ. ಈಗ ಅವನಿಂದ ಆಗುವ ಕೆಲಸ ಎರಡಿದೆ. ದಿನಾ ಮನೆ ಹಿಂದೆ ಐವತ್ತು ಸ್ನ್ಯಾಪ್ ಕೊಡಲಿ, ಹಿಡಿಯೋಕೆ ನೀವೇ ನಿಂತುಕೊಳ್ಳಿ. ಗಾರ್ಡ್ ಆಡುವವನು ಸ್ನ್ಯಾಪ್ ಕಲಿತರೆ ಯಾವ ಕೋಚೂ ಅವನನ್ನು ಸುಲಭಕ್ಕೆ ಬಿಡೋದಿಲ್ಲ. ವಾರಕ್ಕೆರಡು ದಿನ ಬಲದ ಕೆಲಸವನ್ನು ಎಡಕ್ಕೆ ನಿಂತು ಮಾಡಲಿ, ಮೊದಲ ತಿಂಗಳು ಎಡವುತ್ತಾನೆ, ನಗಬೇಡಿ. ಮತ್ತೆ ಓದು. ಪೇಟ್ರಿಯಟ್ಸ್ ಜೊತೆ ಎರಡು ಸೂಪರ್ ಬೌಲ್ ಉಂಗುರ ಗೆದ್ದು, ಆಮೇಲೆ ಕೌಬಾಯ್ಸ್, ಜೈಂಟ್ಸ್, ಬ್ರಾಂಕೋಸ್ ಅಂತ ಸುತ್ತಿದ ಟ್ಯಾಕಲ್ ಕ್ಯಾಮೆರಾನ್ ಫ್ಲೆಮಿಂಗ್ ಸ್ಟ್ಯಾನ್‌ಫರ್ಡ್‌ನಲ್ಲಿ ಓದಿದ್ದು ವಿಮಾನ ಮತ್ತು ಬಾಹ್ಯಾಕಾಶ ಇಂಜಿನಿಯರಿಂಗ್. ಮಾರ್ಕ್ಸ್ ಕಡಿಮೆ ಬಂದಾಗ ಈ ಹೆಸರು ನಿಮ್ಮ ಕೈಯಲ್ಲಿ ಇರಲಿ.

ಇನ್ನು ಆ ಎರಡು ದಿನದ ಮೌನ. 'ಬೇಡವಾದವನು' ಅಂದದ್ದು ತಪ್ಪಾಯ್ತು ಅಂತ ಅವನಿಗೆ ನೇರವಾಗಿ ಹೇಳಿಬಿಡಿ. ಆಮೇಲೆ ಈ ಭಾನುವಾರ ಅವನ ಜೊತೆ ಕೂತು ಯಾವುದಾದರೂ ಒಂದು ಆಟ ನೋಡಿ. ಚೆಂಡು ಎಲ್ಲಿ ಹೋಯಿತು ಅಂತ ನೋಡಬೇಡಿ, ಮೊದಲ ಮೂರು ಸೆಕೆಂಡ್ ಆ ಐವರನ್ನೇ ನೋಡಿ. ಎಲ್ಲೋ ಎರಡನೇ ಕ್ವಾರ್ಟರ್ ಹೊತ್ತಿಗೆ ಯಾರಾದರೂ ಒಬ್ಬ ಲೈನ್‌ಮನ್ ಕುಂಟುತ್ತಾ ಹೊರಗೆ ಹೋಗ್ತಾನೆ, ಬೆಂಚಿನಿಂದ ಒಬ್ಬ ಹೆಲ್ಮೆಟ್ ಪಟ್ಟಿ ಬಿಗಿದುಕೊಳ್ಳುತ್ತಾ ಒಳಗೆ ಓಡಿ ಬರ್ತಾನೆ. ಟಿವಿಯವರು ಅವನ ಹೆಸರನ್ನು ಒಂದೇ ಸಲ ಹೇಳಿ ಮುಂದೆ ಹೋಗ್ತಾರೆ. ಆಗ ಮಗನ ಕಡೆ ತಿರುಗಿ, 'ಇವನು ಹೋದ ವರ್ಷ ಯಾವ ತಂಡದಲ್ಲಿದ್ದ?' ಅಂತ ಕೇಳಿ. ಅವನಿಗೆ ಗೊತ್ತಿರುತ್ತೆ.